ಲಾಲಿತ್ಯದ ಬೆಲೆ: ದಾನಿಯೆಲ್ ದಾರ್ಯೂ ಅವರ ಅಭಿನಯಜೀವನವನ್ನು ಕುರಿತು

೧

ಫ್ರಾನ್ಸಿನ ಚಲನಚಿತ್ರ ನಟಿ ದಾನಿಯೆಲ್ ದಾರ್ಯೂ ಅವರು ೧೯೧೭ರ ಮೇ ೧ರಂದು ಬೋರ್ದೋ ನಗರದಲ್ಲಿ ಹುಟ್ಟಿ, ೨೦೧೭ರ ಅಕ್ಟೋಬರ್ ೧೭ರಂದು, ನೂರು ವರ್ಷ ತುಂಬಿದ ಮೇಲೆ ತೀರಿಕೊಂಡರು. ೧೯೩೧ರಲ್ಲಿ, ಎಂದರೆ ಫ್ರಾನ್ಸಿನಲ್ಲಿ ಮಾತಿನ ಚಿತ್ರಗಳು ಆಗತಾನೇ ಕಣ್ಣು ಬಿಡುತ್ತಿದ್ದ ಕಾಲದಲ್ಲಿ, ಬಾಲಕಿಯಾಗಿ ತೆರೆಗೆ ಬಂದ ಈಕೆ ತೊಂಬತ್ತನ್ನು ದಾಟಿದ ಮೇಲೂ ನಟಿಸುತ್ತಿದ್ದರು. ಸುಮಾರು ಎಂಬತ್ತು ವರ್ಷಗಳ ಅವಧಿಯಲ್ಲಿ ನೂರಕ್ಕೂ ಹೆಚ್ಚು ಚಿತ್ರಗಳಲ್ಲಿ ಅವರು ಪಾತ್ರ ವಹಿಸಿದ್ದಾರೆ.

ಇಷ್ಟು ದೀರ್ಘವಾದ ಕಲಾಜೀವನವನ್ನು ಕುರಿತು ಬರೆಯುವವರು ಸಾಮಾನ್ಯವಾಗಿ ಎರಡು ದಾರಿಗಳಲ್ಲಿ ಒಂದನ್ನು ಹಿಡಿಯುತ್ತಾರೆ. ಮೊದಲನೆಯದು ಸ್ತುತಿಯ ದಾರಿ. ಕಾಲವೂ ಮಾಸಿಸಲಾರದ ಚೆಲುವು, ಫ್ರೆಂಚ್ ಲಾಲಿತ್ಯದ ಸಾಕಾರ ಮೂರ್ತಿ ಎಂಬಂಥ ಮಾತುಗಳು ಆ ದಾರಿಯ ಮೈಲಿಗಲ್ಲುಗಳು. ಎರಡನೆಯದು ವಿಚಾರಣೆಯ ದಾರಿ. ಫ್ರಾನ್ಸು ಜರ್ಮನರ ಕೈವಶವಾಗಿದ್ದಾಗ ಈ ನಟಿ ಜರ್ಮನ್ ಹಣದ ಸಂಸ್ಥೆಗಾಗಿ ದುಡಿದರು, ೧೯೪೨ರಲ್ಲಿ ಬರ್ಲಿನ್ನಿಗೆ ಹೋಗಿಬಂದರು. ಆದಕಾರಣ ಉಳಿದುದೆಲ್ಲವನ್ನೂ ಆ ಒಂದು ದೀಪದ ಬೆಳಕಿನಲ್ಲಿಯೇ ನೋಡಬೇಕು ಎಂಬುದು ಈ ಪಕ್ಷದವರ ವಾದ.

ನಮ್ಮ ಅಭಿಪ್ರಾಯದಲ್ಲಿ ಈ ಎರಡು ಪಕ್ಷಗಳಲ್ಲಿಯೂ ಇರುವ ದೋಷ ಒಂದೇ. ಸ್ತುತಿಕಾರರು ಕಲೆಯನ್ನು ಇತಿಹಾಸದಿಂದ ಬಿಡಿಸಿ ನೋಡುತ್ತಾರೆ. ವಿಚಾರಣೆಗಾರರು ಇತಿಹಾಸವನ್ನು ಕಲೆಯಿಂದ ಬಿಡಿಸಿ ನೋಡುತ್ತಾರೆ. ದಾರ್ಯೂ ಅವರ ಲಾಲಿತ್ಯ ಆಕಾಶದಿಂದ ಇಳಿದುದಲ್ಲ. ಅದು ಒಂದು ಗೊತ್ತಾದ ದಶಕದಲ್ಲಿ ಗೊತ್ತಾದ ಕೆಲವರ ಕೈಯಲ್ಲಿ ರೂಪುಗೊಂಡಿತು; ಮುಂದಿನ ದಶಕದಲ್ಲಿ ಮತ್ತಾರದೋ ಪ್ರಯೋಜನಕ್ಕೆ ಒದಗಿತು; ಆ ಬಳಿಕ, ಅವರ ಶ್ರೇಷ್ಠ ಚಿತ್ರಗಳಲ್ಲಿ, ಆ ಲಾಲಿತ್ಯದ ಬೆಲೆ ಏನು ಎಂಬುದೇ ಕಥಾವಸ್ತುವಾಯಿತು. ಈ ಮೂರು ಘಟ್ಟಗಳನ್ನು ಒಟ್ಟಿಗೆ ನೋಡಿದರೆ ಮಾತ್ರ ಈ ಅಭಿನಯಜೀವನದ ಉದ್ದಕ್ಕೆ ಅರ್ಥ ಬರುತ್ತದೆ ಎಂಬುದನ್ನು ಮುಂದೆ ಪ್ರತಿಪಾದಿಸಲು ಯತ್ನಿಸುತ್ತೇವೆ.

೨

ದಾರ್ಯೂ ಅವರ ಮೊದಲ ಚಿತ್ರ ‘ಲ ಬಾಲ್’, ಎಂದರೆ ‘ನೃತ್ಯಕೂಟ’ (೧೯೩೧). ಅದರ ಮೂಲ ಇರೇನ್ ನೆಮಿರೋವ್‌ಸ್ಕಿ ಎಂಬ ಲೇಖಕಿ ೧೯೩೦ರಲ್ಲಿ ಪ್ರಕಟಿಸಿದ ಒಂದು ಕಿರು ಕಾದಂಬರಿ. ಹೊಸದಾಗಿ ಹಣ ಕಂಡ ದಂಪತಿಗಳು ದೊಡ್ಡವರ ಸಾಲಿಗೆ ಸೇರುವ ಹಂಬಲದಿಂದ ನೃತ್ಯಕೂಟವೊಂದನ್ನು ಏರ್ಪಡಿಸುತ್ತಾರೆ. ಆ ಕೂಟಕ್ಕೆ ತನಗೆ ಪ್ರವೇಶವಿಲ್ಲವೆಂದು ತಿಳಿದ ಹದಿನಾಲ್ಕರ ಮಗಳು ಆಮಂತ್ರಣಪತ್ರಗಳನ್ನು ನದಿಗೆ ಎಸೆದುಬಿಡುತ್ತಾಳೆ. ದೀಪಗಳು ಬೆಳಗುತ್ತವೆ, ವಾದ್ಯಗಾರರು ಸಿದ್ಧರಾಗಿ ನಿಲ್ಲುತ್ತಾರೆ, ಅತಿಥಿಗಳು ಮಾತ್ರ ಬರುವುದಿಲ್ಲ. ಆ ಮಗಳ ಪಾತ್ರ ದಾರ್ಯೂ ಅವರದು. ನಟಿಗೂ ಆಗ ಹೆಚ್ಚುಕಡಿಮೆ ಅದೇ ವಯಸ್ಸು. ಮುಂದೆ ಅವರ ಹೆಸರಿಗೆ ಅಂಟಿಕೊಂಡ ಗುಣಗಳಾದ ತುಂಟತನ, ಮುನಿಸು, ಮುನಿಸಿನೊಳಗಿನಿಂದಲೇ ಚಿಮ್ಮುವ ನಗೆ ಇವೆಲ್ಲ ಇಲ್ಲಿಯೇ ಮೊಳಕೆಯೊಡೆದಿವೆ.

ಈ ಚಿತ್ರವನ್ನು ನಿರ್ದೇಶಿಸಿದವರು ವಿಯೆನ್ನಾದಲ್ಲಿ ಹುಟ್ಟಿ ಜರ್ಮನ್ ಚಿತ್ರರಂಗದಲ್ಲಿ ಹೆಸರಾದ ವಿಲ್‌ಹೆಲ್ಮ್ ಥೀಲೆ. ಲೇಖಕಿಯಾದರೋ ೧೯೦೩ರಲ್ಲಿ ಕೀವ್ ನಗರದಲ್ಲಿ ಹುಟ್ಟಿದ ಯೆಹೂದಿ. ರಷ್ಯದ ಕ್ರಾಂತಿಯ ತರುವಾಯ ಕುಟುಂಬದೊಡನೆ ಫ್ರಾನ್ಸಿಗೆ ವಲಸೆ ಬಂದವರು. ‘ಫ್ರೆಂಚ್ ಲಾಲಿತ್ಯದ ಮೂರ್ತಿ’ಯ ಮೊದಲ ಉಳಿಪೆಟ್ಟುಗಳು ಫ್ರಾನ್ಸಿನ ಹೊರಗೆ ಹುಟ್ಟಿದವರ ಕೈಯಿಂದ ಬಿದ್ದವು ಎಂಬುದನ್ನು ಓದುಗರು ಗಮನದಲ್ಲಿಡಬೇಕು.

ಇದು ಆಕಸ್ಮಿಕವಲ್ಲವೆಂದು ಮುಂದಿನ ವರ್ಷಗಳು ತೋರಿಸುತ್ತವೆ. ೧೯೩೩ರಲ್ಲಿ ಹಿಟ್ಲರನು ಅಧಿಕಾರಕ್ಕೆ ಬಂದೊಡನೆ ಬರ್ಲಿನ್ನಿನ ಚಿತ್ರೋದ್ಯಮದಲ್ಲಿದ್ದ ಅನೇಕ ಯೆಹೂದಿ ಕಲಾವಿದರು ಪ್ಯಾರಿಸಿಗೆ ಓಡಿಬಂದರು. ಮುಂದೆ ಅಮೆರಿಕದಲ್ಲಿ ಪ್ರಖ್ಯಾತರಾದ ಬಿಲ್ಲಿ ವೈಲ್ಡರ್ ಅವರು ಮೊದಲು ನಿರ್ದೇಶಿಸಿದುದು ಪ್ಯಾರಿಸಿನಲ್ಲಿ, ಅಲೆಕ್ಸಾಂಡರ್ ಎಸ್ವೇ ಅವರ ಜೊತೆಗೂಡಿ. ೧೯೩೪ರ ಆ ಚಿತ್ರ ‘ಮೋವೇಸ್ ಗ್ರೇನ್’ದ ನಾಯಿಕೆ ದಾರ್ಯೂ. ಅದೇ ವರ್ಷ ರಾಬರ್ಟ್ ಸಿಯೋಡ್‌ಮಾಕ್ ಅವರ ‘ಲಾ ಕ್ರೀಸ್ ಎ ಫಿನಿ’ ಎಂಬ ಸಂಗೀತಪ್ರಧಾನ ಚಿತ್ರದಲ್ಲಿಯೂ ನಾಯಿಕೆ ಅವರೇ. ೧೯೩೬ರಲ್ಲಿ ಅನತೋಲ್ ಲಿತ್ವಾಕ್ ಅವರ ‘ಮೇಯರ್ಲಿಂಗ್’ ಬಂದಿತು. ಲಿತ್ವಾಕ್ ಅವರೂ ಕೀವ್‌ನಲ್ಲಿ ಹುಟ್ಟಿದ ಯೆಹೂದಿ, ಅವರೂ ಬರ್ಲಿನ್ನನ್ನು ತೊರೆದು ಬಂದವರು. ಆಸ್ಟ್ರಿಯದ ಯುವರಾಜ ರುಡಾಲ್ಫ್ ಮತ್ತು ಮರೀ ವೆಟ್ಸೆರಾ ೧೮೮೯ರ ಜನವರಿಯಲ್ಲಿ ಒಟ್ಟಿಗೆ ಪ್ರಾಣಬಿಟ್ಟ ವೃತ್ತಾಂತವೇ ಅದರ ಕಥೆ. ಯುವರಾಜನ ಪಾತ್ರದಲ್ಲಿ ಷಾರ್ಲ್ ಬ್ವಾಯೆ, ಮರೀಯ ಪಾತ್ರದಲ್ಲಿ ದಾರ್ಯೂ. ಆ ಚಿತ್ರದಿಂದ ಅವರ ಹೆಸರು ಅಟ್ಲಾಂಟಿಕ್ ಸಾಗರವನ್ನು ದಾಟಿತು. ೧೯೩೮ರಲ್ಲಿ ಹಾಲಿವುಡ್ಡಿನಲ್ಲಿ ‘ದಿ ರೇಜ್ ಆಫ್ ಪ್ಯಾರಿಸ್’ ಎಂಬ ವಿನೋದಚಿತ್ರದಲ್ಲಿ ನಟಿಸಿ ಅವರು ಸ್ವದೇಶಕ್ಕೆ ಮರಳಿದರು.

ಅಂದು ದಾರ್ಯೂ ಅವರ ಪತಿಯಾಗಿದ್ದ ಆನ್ರಿ ದಕ್ವಾ ಎಂಬ ಫ್ರೆಂಚ್ ನಿರ್ದೇಶಕರ ಪಾಲನ್ನು ನಾವು ಅಲ್ಲಗಳೆಯುವುದಿಲ್ಲ. ೧೯೪೦ರ ‘ಬಾತ್ಮಾಂ ದ ಕೇರ್’ ಎಂಬ ಚಿತ್ರದಲ್ಲಿ ಜೇಬುಗಳ್ಳರ ಪಾಠಶಾಲೆಗೆ ಸೇರುವ ಹುಡುಗಿಯ ಪಾತ್ರವನ್ನು ಅವರು ಈಕೆಗಾಗಿ ಹದವಾಗಿ ಹೆಣೆದರು. ಆದರೆ ಆ ಹದದ ಪಾಕವನ್ನು ಮೊದಲು ಸಿದ್ಧಪಡಿಸಿದವರು ಬಹುಮಟ್ಟಿಗೆ ದೇಶಭ್ರಷ್ಟರು. ಅವರಿಗೆ ಲಘುತ್ವವೆಂಬುದು ಸುಖದ ಲಕ್ಷಣವಾಗಿರಲಿಲ್ಲ. ಮನೆಮಠ ಬಿಟ್ಟು ಬಂದವರು ತಲೆಯೆತ್ತಿ ನಡೆಯಲು ಕಲಿತ ಒಂದು ರೀತಿಯಾಗಿತ್ತು. ದಾರ್ಯೂ ಅವರ ಮೊದಲ ಪಾತ್ರಗಳ ನಗೆಯ ಅಂಚಿನಲ್ಲಿ ಯಾವಾಗಲೂ ಒಂದು ಚೂರು ಆತಂಕ ಇಣುಕುವುದಕ್ಕೆ ಇದೂ ಒಂದು ಕಾರಣವೆಂದು ನಾವು ಭಾವಿಸುತ್ತೇವೆ.

೩

೧೯೪೦ರ ಜೂನ್ ತಿಂಗಳಲ್ಲಿ ಫ್ರಾನ್ಸು ಸೋತಿತು. ಅದೇ ವರ್ಷ ಪ್ಯಾರಿಸಿನಲ್ಲಿ ‘ಕಾಂತಿನಾಂತಾಲ್ ಫಿಲ್ಮ್ಸ್’ ಎಂಬ ಸಂಸ್ಥೆ ಸ್ಥಾಪಿತವಾಯಿತು. ಬಂಡವಾಳ ಜರ್ಮನ್, ಮುಖ್ಯಸ್ಥರಾದ ಆಲ್ಫ್ರೆಡ್ ಗ್ರೇವನ್ ಜರ್ಮನ್, ನಟರು, ನಿರ್ದೇಶಕರು, ಭಾಷೆ ಮಾತ್ರ ಫ್ರೆಂಚ್. ಯುದ್ಧಕಾಲದಲ್ಲಿ ಈ ಸಂಸ್ಥೆ ಮೂವತ್ತು ಚಿತ್ರಗಳನ್ನು ತಯಾರಿಸಿತು. ಅವುಗಳಲ್ಲಿ ನಾಜಿ ಪ್ರಚಾರ ನೇರವಾಗಿ ಕಾಣುವುದಿಲ್ಲ. ಸೋತ ಜನ ಚಿತ್ರಮಂದಿರದಲ್ಲಿ ಎರಡು ಗಂಟೆ ಕಾಲ ನಗುತ್ತ ಕುಳಿತರೆ ಆಳುವವರಿಗೆ ಅದರಿಂದ ಆಗುವ ಉಪಯೋಗ ಬೇರೆ ಬಗೆಯದು.

ಈ ಸಂಸ್ಥೆಯ ಆರಂಭದ ಯಶಸ್ಸುಗಳಲ್ಲಿ ಒಂದು ದಕ್ವಾ ಅವರು ನಿರ್ದೇಶಿಸಿದ ‘ಪ್ರಮಿಯೆ ರಾಂದೇವೂ’, ಎಂದರೆ ‘ಮೊದಲ ಭೇಟಿ’ (೧೯೪೧). ಪತ್ರವ್ಯವಹಾರದಿಂದ ಮಾತ್ರ ಬಲ್ಲ ಒಬ್ಬನನ್ನು ಕಾಣಲು ಅನಾಥಾಲಯದಿಂದ ತಪ್ಪಿಸಿಕೊಂಡು ಬರುವ ಹುಡುಗಿಗೆ ಎದುರಾಗುವವನು ತರುಣನಲ್ಲ, ವಯಸ್ಸಾದ ಉಪಾಧ್ಯಾಯ. ದಾರ್ಯೂ ಅವರು ಇದರಲ್ಲಿ ನಟಿಸಿದರು, ಹಾಡಿದರು. ಆಕ್ರಮಿತ ಪ್ಯಾರಿಸಿನಲ್ಲಿ ತೆಗೆದ ಈ ಚಿತ್ರದಲ್ಲಿ ಸಮವಸ್ತ್ರದ ಸೈನಿಕನಿಲ್ಲ, ಆಹಾರಕ್ಕಾಗಿ ಕಾದು ನಿಂತ ಸಾಲಿಲ್ಲ, ಕತ್ತಲೆಯ ಬೀದಿಯಿಲ್ಲ. ಅಭಿನಯ ಮೊದಲಿಗಿಂತ ಚುರುಕಾಗಿದೆ. ಆದರೆ ನಗೆಯ ಅಂಚಿನಲ್ಲಿದ್ದ ಆತಂಕ ಮರೆಯಾಗಿದೆ. ಕಲಾದೃಷ್ಟಿಯಿಂದಲೂ ಇದೊಂದು ನಷ್ಟವೆಂದೇ ನಮ್ಮ ಎಣಿಕೆ. ೧೯೪೨ರಲ್ಲಿ ‘ಕಾಪ್ರಿಸ್’, ‘ಲಾ ಫೋಸ್ ಮೆತ್ರೆಸ್’ ಎಂಬ ಇನ್ನೆರಡು ಚಿತ್ರಗಳು ಇದೇ ಸಂಸ್ಥೆಯಿಂದ ಹೊರಬಂದವು.

೧೯೪೨ರ ಮಾರ್ಚ್ ತಿಂಗಳಲ್ಲಿ ಆಲ್ಬೆರ್ ಪ್ರೇಜಾಂ, ವಿವಿಯಾನ್ ರೊಮಾನ್ಸ್, ಸೂಜಿ ದಲೇರ್ ಮೊದಲಾದ ತಾರೆಗಳೊಡನೆ ದಾರ್ಯೂ ಅವರು ರೈಲಿನಲ್ಲಿ ಬರ್ಲಿನ್ನಿಗೆ ಹೋದರು. ಪ್ರಚಾರಕ್ಕಾಗಿಯೇ ಏರ್ಪಾಡಾದ ಪ್ರಯಾಣವದು. ನಿಲ್ದಾಣದಲ್ಲಿ ತೆಗೆದ ಛಾಯಾಚಿತ್ರಗಳು ಇಂದಿಗೂ ಪ್ರಸಿದ್ಧವಾಗಿವೆ. ದಾರ್ಯೂ ಅವರು ತರುವಾಯ ಕೊಟ್ಟ ಸಮಾಧಾನ ಹೀಗಿದೆ: ಗ್ರೇವನ್ ಅವರಿಂದ ಬೆದರಿಕೆಯಿತ್ತು; ಅಲ್ಲದೆ, ತಾವು ಮದುವೆಯಾಗಲಿದ್ದ ಡೊಮಿನಿಕನ್ ಗಣರಾಜ್ಯದ ರಾಯಭಾರ ಅಧಿಕಾರಿ ಪೊರ್ಫೀರಿಯೊ ರುಬಿರೋಸಾ ಅವರನ್ನು ಜರ್ಮನರು ಸ್ಥಾನಬದ್ಧತೆಯಲ್ಲಿ ಇಟ್ಟಿದ್ದರು, ಅವರನ್ನು ಕಾಣುವ ಅವಕಾಶಕ್ಕಾಗಿ ತಾವು ಹೋಗಬೇಕಾಯಿತು. ಅದೇ ವರ್ಷ ಅವರು ರುಬಿರೋಸಾ ಅವರನ್ನು ವರಿಸಿದರು, ಕಾಂತಿನಾಂತಾಲ್ ಸಂಸ್ಥೆಯನ್ನು ಬಿಟ್ಟರು. ಬಳಿಕ ಕೆಲಕಾಲ ಆಲ್ಪ್ಸ್ ಪರ್ವತದ ಮೆಜೇವ್ ಎಂಬಲ್ಲಿ ಕಾವಲಿನಲ್ಲಿದ್ದರು. ೧೯೪೬ರವರೆಗೆ ಅವರ ಹೊಸ ಚಿತ್ರ ಯಾವುದೂ ಬರಲಿಲ್ಲ.

ಈ ಸಮಾಧಾನವನ್ನು ಸುಳ್ಳೆಂದು ತಳ್ಳಿಹಾಕಲು ಕಾರಣವಿಲ್ಲ. ಆದರೆ ಇತಿಹಾಸದ ಅಧ್ಯಾಪಕರಾದ ನಾವು ಅದರ ಪಕ್ಕದಲ್ಲಿಯೇ ಇನ್ನೆರಡು ತಾರೀಖುಗಳನ್ನು ಇಡಬೇಕಾಗುತ್ತದೆ. ಫ್ರಾನ್ಸಿನಿಂದ ಆಷ್‌ವಿಟ್ಜ್ ಶಿಬಿರಕ್ಕೆ ಯೆಹೂದಿಗಳನ್ನು ಹೊತ್ತ ಮೊದಲ ರೈಲು ಹೊರಟುದು ಅದೇ ೧೯೪೨ರ ಮಾರ್ಚ್ ೨೭ರಂದು. ‘ನೃತ್ಯಕೂಟ’ವನ್ನು ಬರೆದ ಇರೇನ್ ನೆಮಿರೋವ್‌ಸ್ಕಿ ಬಂಧಿತರಾದುದು ಅದೇ ವರ್ಷದ ಜುಲೈ ೧೩ರಂದು, ಆಷ್‌ವಿಟ್ಜ್‌ನಲ್ಲಿ ಅವರು ಸತ್ತುದು ಆಗಸ್ಟ್ ೧೭ರಂದು. ನಟಿಗೆ ಮೊದಲ ಪಾತ್ರವನ್ನು ಕೊಟ್ಟ ಕಥೆಯ ಕರ್ತೃ ಪೂರ್ವಕ್ಕೆ ಒಯ್ಯಲ್ಪಟ್ಟ ವರ್ಷವೂ, ನಟಿ ಪೂರ್ವಕ್ಕೆ ಪ್ರಯಾಣ ಮಾಡಿದ ವರ್ಷವೂ ಒಂದೇ. ಇವೆರಡರ ನಡುವೆ ಕಾರ್ಯಕಾರಣಸಂಬಂಧವಿಲ್ಲ. ಇದೆಯೆಂದು ಯಾರಾದರೂ ಸೂಚಿಸಿದರೆ ಅದು ಅನ್ಯಾಯವಾಗುತ್ತದೆ. ಹಾಗೆಂದು ಈ ಎರಡು ಸಂಗತಿಗಳನ್ನು ಎರಡು ಬೇರೆ ಪುಸ್ತಕಗಳಲ್ಲಿ ಓದಿ ಮರೆಯುವುದೂ ಸರಿಯಲ್ಲ. ಒಂದು ಲಾಲಿತ್ಯವನ್ನು ಕಟ್ಟಿಕೊಟ್ಟ ಜನವನ್ನು ಅಳಿಸಲು ಹೊರಟ ಪ್ರಭುತ್ವ ಆ ಲಾಲಿತ್ಯವನ್ನು ಮಾತ್ರ ತನ್ನ ಬಳಕೆಗೆ ಇಟ್ಟುಕೊಂಡಿತು ಎಂಬ ಸತ್ಯ ಇವೆರಡನ್ನೂ ಜೊತೆಗಿಟ್ಟಾಗಲೇ ಕಣ್ಣಿಗೆ ಬೀಳುತ್ತದೆ.

ವಿಮೋಚನೆಯ ತರುವಾಯ ಆರ್ಲೆತ್ತಿ ಎಂಬ ಹೆಸರಾಂತ ನಟಿ ಬಂಧನಕ್ಕೊಳಗಾದರು. ಕಾಂತಿನಾಂತಾಲ್‌ಗಾಗಿ ಚಿತ್ರ ತೆಗೆದ ಆನ್ರಿ-ಜಾರ್ಜ್ ಕ್ಲೂಜೋ ಅವರಿಗೆ ಕೆಲಕಾಲ ನಿಷೇಧ ವಿಧಿಸಲಾಯಿತು. ದಾರ್ಯೂ ಅವರ ಮೇಲೆ ಅಂಥ ಭಾರ ಬೀಳಲಿಲ್ಲ. ಜನ ಅವರನ್ನು ಬೇಗನೆ ಮತ್ತೆ ಸ್ವೀಕರಿಸಿದರು. ಹಾಗೆ ಸ್ವೀಕರಿಸುವಾಗ ಜನ ತಮ್ಮನ್ನು ತಾವೂ ಸ್ವಲ್ಪಮಟ್ಟಿಗೆ ಕ್ಷಮಿಸಿಕೊಂಡರೇನೋ. ೧೯೪೧ರಲ್ಲಿ ಆ ಚಿತ್ರವನ್ನು ನೋಡಿ ನಕ್ಕವರೂ ಅವರೇ ಅಲ್ಲವೆ?

೪

೧೯೫೦ರಲ್ಲಿ ದಾರ್ಯೂ ಅವರ ಬಾಳಿಗೆ ಮತ್ತೊಬ್ಬ ದೇಶಭ್ರಷ್ಟರು ಬಂದರು. ಮ್ಯಾಕ್ಸ್ ಓಫುಲ್ಸ್ ೧೯೦೨ರಲ್ಲಿ ಜರ್ಮನಿಯ ಸಾರ್‌ಬ್ರ್ಯೂಕನ್ನಿನಲ್ಲಿ ಹುಟ್ಟಿದ ಯೆಹೂದಿ. ೧೯೩೩ರಲ್ಲಿ ಜರ್ಮನಿಯಿಂದ ಫ್ರಾನ್ಸಿಗೆ, ಫ್ರಾನ್ಸು ಸೋತ ಬಳಿಕ ಅಮೆರಿಕಕ್ಕೆ, ಯುದ್ಧಾನಂತರ ಮತ್ತೆ ಫ್ರಾನ್ಸಿಗೆ, ಹೀಗೆ ಎರಡು ಬಾರಿ ಮನೆ ಕಳೆದುಕೊಂಡು ಮರಳಿ ಬಂದವರು ಅವರು. ಅವರ ‘ಲಾ ರಾಂದ್’ (೧೯೫೦), ‘ಲ ಪ್ಲೆಸೀರ್’ (೧೯೫೨), ‘ಮಾದಾಂ ದ...’ (೧೯೫೩) ಎಂಬ ಮೂರು ಚಿತ್ರಗಳಲ್ಲಿ ದಾರ್ಯೂ ಅವರು ನಟಿಸಿದರು. ಅವರ ಕೀರ್ತಿ ನಿಂತಿರುವುದು ಈ ಮೂರರ ಮೇಲೆ, ಅದರಲ್ಲಿಯೂ ಕಡೆಯದರ ಮೇಲೆ.

ನಮ್ಮ ಅಲಂಕಾರಿಕರು ಅಭಿನಯವನ್ನು ಆಂಗಿಕ, ವಾಚಿಕ, ಆಹಾರ್ಯ, ಸಾತ್ತ್ವಿಕ ಎಂದು ನಾಲ್ಕು ಬಗೆಯಾಗಿ ವಿಂಗಡಿಸುತ್ತಾರೆ. ಓಫುಲ್ಸ್ ಅವರ ಕೈಗೆ ಬರುವವರೆಗಿನ ದಾರ್ಯೂ ಅವರನ್ನು ಮೊದಲ ಮೂರರಲ್ಲಿ ಪಾರಂಗತರೆನ್ನಬಹುದು. ನಡೆ, ನುಡಿ, ಉಡುಪು ಇವುಗಳಲ್ಲಿ ಅವರನ್ನು ಮೀರಿಸಿದವರು ಕಡಮೆ. ನಾಲ್ಕನೆಯದಾದ ಸಾತ್ತ್ವಿಕ ಅವರಲ್ಲಿ ಆಗೊಮ್ಮೆ ಈಗೊಮ್ಮೆ ಮಿಂಚುತ್ತಿತ್ತು. ಓಫುಲ್ಸ್ ಮಾಡಿದುದು ಇಷ್ಟು: ಆ ಮೂರನ್ನು ತೆಗೆದುಹಾಕಲಿಲ್ಲ, ಅವುಗಳ ಮೂಲಕವೇ, ಅವು ಸಾಲದೆ ಹೋಗುವ ಗಳಿಗೆಯವರೆಗೆ ನಟಿಯನ್ನು ನಡೆಸಿಕೊಂಡು ಹೋದರು.

‘ಲ ಪ್ಲೆಸೀರ್’ ಮೊಪಾಸಾನ ಮೂರು ಕಥೆಗಳನ್ನು ಆಧರಿಸಿದೆ. ನಡುವಣ ಕಥೆಯಲ್ಲಿ ಒಂದು ವೇಶ್ಯಾಗೃಹದ ಹೆಂಗಸರು ಹಳ್ಳಿಯೊಂದಕ್ಕೆ, ಬಾಲಕಿಯೊಬ್ಬಳ ಪ್ರಥಮ ಪ್ರಸಾದಸ್ವೀಕಾರದ ಹಬ್ಬಕ್ಕೆ ಹೋಗುತ್ತಾರೆ. ಚರ್ಚಿನಲ್ಲಿ ರೋಜಾ ಎಂಬುವಳ ಕಣ್ಣಿನಲ್ಲಿ ನೀರು ಬರುತ್ತದೆ. ಅವಳ ಅಳು ಗೆಳತಿಯರಿಗೆ ಹರಡಿ, ಬಳಿಕ ಹಳ್ಳಿಯ ಜನಕ್ಕೆಲ್ಲ ಹರಡುತ್ತದೆ. ರೋಜಾಳ ಪಾತ್ರ ದಾರ್ಯೂ ಅವರದು. ಅಷ್ಟು ಜನರನ್ನು ಅಳಿಸಬೇಕಾದ ಆ ಅಳುವಿನಲ್ಲಿ ಆರ್ಭಟವಿಲ್ಲ. ಯಾವುದೋ ಮರೆತುಹೋದದ್ದನ್ನು ನೆನೆಯುವವರಂತೆ ಅವರು ತಲೆ ಬಾಗಿಸುತ್ತಾರೆ, ಅಷ್ಟೆ. ಎಂಟು ಸಾತ್ತ್ವಿಕಭಾವಗಳಲ್ಲಿ ಒಂದಾದ ಅಶ್ರುವಿಗೆ ಇದಕ್ಕಿಂತ ಸಹಜವಾದ ಉದಾಹರಣೆಯನ್ನು ತೆರೆಯ ಮೇಲೆ ಕಾಣುವುದು ಕಷ್ಟ.

‘ಮಾದಾಂ ದ...’ ಚಿತ್ರದ ಆಧಾರ ಲೂಯಿಸ್ ದ ವಿಲ್ಮೊರಾಂ ಅವರ ಕಿರು ಕಾದಂಬರಿ. ನಾಯಿಕೆಗೆ ಲೂಯಿಸ್ ಎಂಬ ಹೆಸರುಂಟು. ಮನೆತನದ ಹೆಸರು ಮಾತ್ರ ಕಡೆಯವರೆಗೂ ನಮಗೆ ತಿಳಿಯುವುದಿಲ್ಲ. ಸಾಲ ತೀರಿಸಲು ಅವಳು ಗಂಡ ಮದುವೆಯಲ್ಲಿ ಕೊಟ್ಟ ವಜ್ರದ ಓಲೆಗಳನ್ನು ಗುಟ್ಟಾಗಿ ಮಾರಿ, ಕಳೆದುಹೋದುವೆಂದು ಸುಳ್ಳು ಹೇಳುತ್ತಾಳೆ. ಆಭರಣದ ವ್ಯಾಪಾರಿ ಅವನ್ನು ಗಂಡನಿಗೇ ಮತ್ತೆ ಮಾರುತ್ತಾನೆ. ಸೇನಾಧಿಪತಿಯಾದ ಆ ಗಂಡ ತನ್ನ ಪ್ರೇಯಸಿಗೆ ಅವನ್ನು ಕೊಟ್ಟು ದೂರಕ್ಕೆ ಕಳುಹಿಸುತ್ತಾನೆ. ಅವಳು ಕಾನ್‌ಸ್ಟಾಂಟಿನೋಪಲ್‌ನಲ್ಲಿ ಜೂಜಾಡಿ ಅವನ್ನು ಕಳೆದುಕೊಳ್ಳುತ್ತಾಳೆ. ಅಲ್ಲಿ ಅವನ್ನು ಕೊಂಡ ಇಟಲಿಯ ರಾಯಭಾರಿ ಬ್ಯಾರನ್ ದೊನಾತಿ ಪ್ಯಾರಿಸಿಗೆ ಬಂದು ಲೂಯಿಸಳನ್ನು ಪ್ರೀತಿಸಿ, ಆ ಓಲೆಗಳನ್ನೇ ಅವಳಿಗೆ ಕಾಣಿಕೆಯಾಗಿ ಕೊಡುತ್ತಾನೆ. ಮೊದಲು ಬೇಡವಾಗಿ ಮಾರಿದ ವಸ್ತು ಈಗ ಪ್ರಾಣಕ್ಕಿಂತ ಹೆಚ್ಚಾಗುತ್ತದೆ. ಓಲೆ ಅವೇ, ಕೈ ಬದಲಾದಂತೆ ಬೆಲೆ ಬದಲಾಗಿದೆ.

ಚಿತ್ರದ ಮೊದಲ ದೃಶ್ಯದಲ್ಲಿ ನಮಗೆ ಕಾಣುವುದು ಲೂಯಿಸಳ ಮುಖವಲ್ಲ. ಒಡವೆ, ತುಪ್ಪುಳದ ಉಡುಪು, ಟೋಪಿ ಇವುಗಳ ನಡುವೆ ಆರಿಸುತ್ತ ಅಲೆಯುವ ಕೈ ಕಾಣುತ್ತದೆ. ತರುವಾಯ ಕನ್ನಡಿಯೊಳಗೆ ಮುಖ. ಎಂದರೆ ಅಲ್ಲಿ ಆಹಾರ್ಯವೇ ವ್ಯಕ್ತಿ. ಆಭರಣದ ಅಂಗಡಿಯಲ್ಲಿ ಅವಳು ಮೂರ್ಛೆಯನ್ನು ನಟಿಸಿ ತನ್ನ ಕಾರ್ಯ ಸಾಧಿಸಿಕೊಳ್ಳುತ್ತಾಳೆ. ದಾರ್ಯೂ ಅವರು ಇಪ್ಪತ್ತು ವರ್ಷ ರೂಢಿಸಿಕೊಂಡ ಮೋಹಕವಾದ ಕೃತಕತೆಯೆಲ್ಲ ಆ ಮೂರ್ಛೆಯಲ್ಲಿದೆ, ಪ್ರೇಕ್ಷಕರು ನಗುತ್ತಾರೆ. ಮುಂದೆ ಬೇಟೆಯ ಸಂದರ್ಭದಲ್ಲಿ ದೊನಾತಿ ಕುದುರೆಯಿಂದ ಬಿದ್ದಾಗ ಅವಳು ನಿಜವಾಗಿಯೇ ಮೂರ್ಛೆ ಹೋಗುತ್ತಾಳೆ. ನಮ್ಮ ಶಾಸ್ತ್ರಕಾರರು ಪ್ರಲಯವೆಂದು ಕರೆದ ಸಾತ್ತ್ವಿಕಭಾವವಿದು. ಕಪಟ ಮೂರ್ಛೆಯಿಂದ ನಿಜವಾದ ಮೂರ್ಛೆಗೆ ಇರುವ ದೂರವೇ ಈ ಚಿತ್ರದ ಉದ್ದ ಎಂದರೆ ತಪ್ಪಾಗಲಾರದು.

ಶೂನ್ಯತೆಯನ್ನು ತುಂಬಲು ಹೋಗದೆ ಅದಕ್ಕೆ ರೂಪ ಕೊಡಬೇಕು ಎಂಬರ್ಥದ ಸೂಚನೆಯನ್ನು ಓಫುಲ್ಸ್ ತಮ್ಮ ನಟಿಗೆ ಕೊಟ್ಟರೆಂಬುದು ಪ್ರಸಿದ್ಧವಾಗಿದೆ. ಇದರ ಅರ್ಥ ಉತ್ತರಾರ್ಧದಲ್ಲಿ ತಿಳಿಯುತ್ತದೆ. ಲೂಯಿಸ್ ದೊನಾತಿಗೆ ಒಂದು ಸಣ್ಣ ಸುಳ್ಳು ಹೇಳಿರುತ್ತಾಳೆ. ಅವಳ ಸಮಾಜದಲ್ಲಿ ಸುಳ್ಳು ಒಂದು ಶಿಷ್ಟಾಚಾರ. ಗಂಡನೊಡನೆ ಅದೇ ನಡೆಯುತ್ತದೆ. ಪ್ರೇಮಿಯಾದರೋ ಅದನ್ನು ಕ್ಷಮಿಸಲಾರ. ಅವನು ದೂರ ಸರಿದಾಗ ದಾರ್ಯೂ ಅವರ ಮುಖದಲ್ಲಿ ದುಃಖಕ್ಕಿಂತ ಮೊದಲು ಕಾಣುವುದು ವಿಸ್ಮಯ: ಇಷ್ಟು ಹಗುರವಾದದ್ದಕ್ಕೆ ಇಷ್ಟು ಭಾರವೆ ಎಂಬ ವಿಸ್ಮಯ. ಕೊನೆಗೆ ದ್ವಂದ್ವಯುದ್ಧದಲ್ಲಿ ಒಂದೇ ಒಂದು ಗುಂಡಿನ ಸದ್ದು ಕೇಳಿದಾಗ ಅವಳ ಪ್ರಾಣ ಹೋಗುತ್ತದೆ. ಓಲೆಗಳು ಚರ್ಚಿನಲ್ಲಿ ಹರಕೆಯಾಗಿ ಉಳಿಯುತ್ತವೆ.

ಇಲ್ಲಿ ಒಂದು ಆಕ್ಷೇಪ ಏಳಬಹುದು. ಪಾತ್ರದ ಸುಳ್ಳಿಗೂ ನಟಿಯ ೧೯೪೨ಕ್ಕೂ ಸಂಬಂಧ ಕಲ್ಪಿಸುವುದು ರಸದೃಷ್ಟಿಗೆ ವಿರುದ್ಧವಲ್ಲವೆ? ರಂಗದ ಮೇಲೆ ಶಕುಂತಲೆಯನ್ನು ನೋಡುವವನು ನಟಿಯ ಮನೆಯ ಸಂಗತಿಯನ್ನು ನೆನೆದರೆ ಅವನಿಗೆ ರಸಾಸ್ವಾದವಾಗುವುದಿಲ್ಲವಲ್ಲ? ಈ ಆಕ್ಷೇಪದಲ್ಲಿ ತಿರುಳಿದೆ. ಚಿತ್ರವನ್ನು ತಪ್ಪೊಪ್ಪಿಗೆಯೆಂದು ಓದುವುದು ನಮ್ಮ ಉದ್ದೇಶವೂ ಅಲ್ಲ. ಆದರೆ ತೆರೆಯ ತಾರೆ ರಂಗದ ನಟಿಯಂತೆ ಪ್ರತಿ ಸಂಜೆಯೂ ಹೊಸಬಳಾಗಿ ಬರುವುದಿಲ್ಲ. ಹಿಂದಿನ ಚಿತ್ರಗಳ ಸಂಸ್ಕಾರ ಪ್ರೇಕ್ಷಕನ ಕಣ್ಣಿನಲ್ಲಿರುತ್ತದೆ. ನಿರ್ದೇಶಕನು ಅದನ್ನು ಬಲ್ಲ, ನಟಿಯೂ ಬಲ್ಲಳು. ‘ಮೊದಲ ಭೇಟಿ’ಯ ಹಾಡು ಫ್ರಾನ್ಸಿನ ಜನದ ಕಿವಿಯಲ್ಲಿ ಇನ್ನೂ ಇದ್ದಾಗ, ಹಗುರವಾದ ಸುಳ್ಳು ಹೇಗೆ ಪ್ರಾಣಾಂತಿಕವಾಗುತ್ತದೆ ಎಂಬ ಕಥೆಯನ್ನು ಆ ಮುಖದ ಮೂಲಕವೇ ಹೇಳಲು ಆರಿಸಿದವರು ಆ ಹಗುರತನದಿಂದ ನೊಂದವರಲ್ಲಿ ಒಬ್ಬರು. ಇದು ಕಥೆಯ ಹೊರಗಿನ ಸಂಗತಿಯೆಂದು ನಮಗೆ ತೋರುವುದಿಲ್ಲ.

೫

ಮುಂದಿನ ವರ್ಷಗಳಲ್ಲಿ ಎಲ್ಲವೂ ಈ ಎತ್ತರದಲ್ಲಿ ಇರಲಿಲ್ಲ. ೧೯೫೪ರ ‘ಕೆಂಪು ಮತ್ತು ಕಪ್ಪು’ ಚಿತ್ರದಲ್ಲಿ ಸ್ತಾಂದಾಲನ ಮಾದಾಂ ದ ರೆನಾಲಳ ಪಾತ್ರವನ್ನು ದಾರ್ಯೂ ಅವರು ಘನತೆಯಿಂದ ನಿರ್ವಹಿಸಿದರು. ಆದರೆ ೧೯೫೫ರ ‘ಲೇಡಿ ಚಾಟರ್ಲಿಯ ಪ್ರಿಯಕರ’, ೧೯೫೬ರ ‘ಅಲೆಕ್ಸಾಂಡರ್ ದಿ ಗ್ರೇಟ್’ ಇವುಗಳಲ್ಲಿ ಅವರ ಶಕ್ತಿ ವ್ಯರ್ಥವಾಗಿದೆ. ಲಾಲಿತ್ಯವನ್ನು ಪ್ರಶ್ನಿಸದೆ ಅಲಂಕಾರವಾಗಿ ಮಾತ್ರ ಬಳಸಿಕೊಂಡ ಚಿತ್ರಗಳೆಲ್ಲ ಬೇಗ ಹಳಸಿದುವು ಎಂಬುದು ಇಲ್ಲಿ ಗಮನಾರ್ಹ. ಉಳಿದುಕೊಂಡವು ಬೇರೆ ಬಗೆಯ ಚಿತ್ರಗಳು.

೧೯೫೯ರ ‘ಮರೀ-ಒಕ್ತೋಬ್ರ್’ ಅಂಥದೊಂದು. ಪ್ರತಿರೋಧ ಚಳವಳಿಯ ಗುಪ್ತದಳವೊಂದರ ಸದಸ್ಯರು ಹದಿನೈದು ವರ್ಷಗಳ ಬಳಿಕ ಒಂದು ಮನೆಯಲ್ಲಿ ಸೇರಿ, ತಮ್ಮ ನಾಯಕನನ್ನು ಜರ್ಮನರಿಗೆ ಹಿಡಿದುಕೊಟ್ಟ ದ್ರೋಹಿ ತಮ್ಮೊಳಗೆ ಯಾರೆಂದು ವಿಚಾರಿಸುತ್ತಾರೆ. ದಳದ ಏಕೈಕ ಮಹಿಳೆಯಾಗಿ, ದ್ರೋಹಿಯನ್ನು ಕೊನೆಗೆ ಕೊಲ್ಲುವವಳಾಗಿ ದಾರ್ಯೂ ಅವರು ನಟಿಸಿದರು. ನಿರ್ದೇಶಕರಾದ ಜೂಲಿಯನ್ ದ್ಯೂವಿವಿಯೆ ಇದನ್ನು ಬಿಗಿಯಾಗಿ ಕಟ್ಟಿದ್ದಾರೆ. ಆದರೆ ಬರ್ಲಿನ್ನಿನ ರೈಲು ಹತ್ತಿದ್ದ ನಟಿಯನ್ನು ನ್ಯಾಯದ ಕೈಯಾಗಿ ನಿಲ್ಲಿಸುವುದರಲ್ಲಿ ಅಂದಿನ ಫ್ರಾನ್ಸಿನ ಒಂದು ಅವಸರ ಕಾಣುತ್ತದೆ: ಎಲ್ಲರೂ ಪ್ರತಿರೋಧಿಗಳು, ದ್ರೋಹಿ ಒಬ್ಬನೇ ಎಂದು ನಂಬುವ ಅವಸರ.

ಆಳವಾದ ಉತ್ತರ ಬಂದುದು ೧೯೮೩ರಲ್ಲಿ. ಪೋಲ್ ವೆಕ್ಕಿಯಾಲಿ ಅವರು ಬಾಲ್ಯದಿಂದಲೂ ದಾರ್ಯೂ ಅವರ ಅಭಿಮಾನಿ. ಅವರ ‘ಆನ್ ಓ ದೇ ಮಾರ್ಷ್’, ಎಂದರೆ ‘ಮೆಟ್ಟಿಲುಗಳ ಮೇಲೆ’ ಎಂಬ ಚಿತ್ರದಲ್ಲಿ ವಯಸ್ಸಾದ ಉಪಾಧ್ಯಾಯಿನಿಯೊಬ್ಬಳು ಅನೇಕ ವರ್ಷಗಳ ಮೇಲೆ, ೧೯೬೩ರಲ್ಲಿ, ತೂಲೋನ್ ನಗರಕ್ಕೆ ಮರಳುತ್ತಾಳೆ. ಅವಳ ಗಂಡ ಶತ್ರುವಿನೊಡನೆ ಕೈಗೂಡಿಸಿದವನೆಂಬ ಆರೋಪಕ್ಕೆ ಗುರಿಯಾಗಿ ವಿಮೋಚನೆಯ ಕಾಲದಲ್ಲಿ ಕೊಲೆಯಾಗಿದ್ದಾನೆ. ಇಲ್ಲಿ ದಾರ್ಯೂ ಅವರು ಬಿಡುಗಡೆಯನ್ನೂ ಬೇಡುವುದಿಲ್ಲ, ದಂಡನೆಯನ್ನೂ ವಿಧಿಸುವುದಿಲ್ಲ. ಊರಿನ ಬೀದಿಗಳಲ್ಲಿ ನಡೆಯುತ್ತ, ಹತ್ತುತ್ತ, ಇಳಿಯುತ್ತ, ನೆನೆಯುತ್ತಾರೆ. ನಮಗೆ ಈ ಪಾತ್ರ ‘ಮಾದಾಂ ದ...’ದ ನಂತರದ ಸ್ಥಾನಕ್ಕೆ ಅರ್ಹವೆಂದು ತೋರುತ್ತದೆ.

ಈ ನಡುವೆ ಜಾಕ್ ದಮಿ ಅವರ ‘ರೋಶ್‌ಫೋರಿನ ಹ್ಯಾಮೈದೆಯರು’ (೧೯೬೭) ಬಂದಿತ್ತು. ಆ ಚಿತ್ರದ ಪ್ರಮುಖ ಪಾತ್ರಧಾರಿಗಳಲ್ಲಿ ಹಾಡುಗಳನ್ನು ಸ್ವಂತ ಕಂಠದಿಂದ ಹಾಡಿದವರು ದಾರ್ಯೂ ಒಬ್ಬರೇ. ಕಾಫಿ ಅಂಗಡಿಯ ಒಡತಿಯಾದ ಈ ತಾಯಿ ತನ್ನ ಪ್ರಿಯನನ್ನು ಹಿಂದೊಮ್ಮೆ ಬಿಟ್ಟುಬಂದುದು ಅವನ ಮನೆತನದ ಹೆಸರು ‘ದಾಮ್’ ಎಂಬ ಕಾರಣಕ್ಕೆ. ಮದುವೆಯಾದರೆ ತಾನು ‘ಮಾದಾಂ ದಾಮ್’ ಆಗಿ ನಗೆಗೀಡಾಗಬೇಕಲ್ಲ ಎಂಬುದಕ್ಕೆ. ಮನೆತನದ ಹೆಸರೇ ಇಲ್ಲದ ಮಾದಾಂಳನ್ನು ನೆನೆದವರಿಗೆ ಈ ವಿನೋದದ ಧ್ವನಿ ತಿಳಿಯುತ್ತದೆ. ಇಲ್ಲಿಯೂ ಹಗುರವಾದ ಕಾರಣಕ್ಕೆ ತೆತ್ತ ಬೆಲೆ ಬಹು ವರ್ಷಗಳ ಒಂಟಿತನ. ಆದರೆ ದಮಿ ಕರುಣಾಳು. ಅವರು ಅದನ್ನು ಮರಳಿ ದೊರಕಿಸಿಕೊಡುತ್ತಾರೆ.

೨೦೦೨ರಲ್ಲಿ ಫ್ರಾನ್ಸ್ವಾ ಓಜೋನ್ ಅವರ ‘ಎಂಟು ಹೆಂಗಸರು’ ಚಿತ್ರದಲ್ಲಿ ಪ್ರತಿಯೊಬ್ಬ ನಟಿಗೂ ಒಂದೊಂದು ಹಾಡಿದೆ. ಅಜ್ಜಿಯ ಪಾತ್ರದ ದಾರ್ಯೂ ಅವರ ಪಾಲಿಗೆ, ಚಿತ್ರದ ಕೊನೆಯಲ್ಲಿ ಬಂದುದು ಲೂಯಿ ಆರಾಗಾನರ ಕವಿತೆ. ಪ್ರತಿರೋಧ ಚಳವಳಿಯ ಕವಿ ೧೯೪೩ರಲ್ಲಿ, ಆಕ್ರಮಿತ ಫ್ರಾನ್ಸಿನಲ್ಲಿ ಬರೆದ ಆ ಕವಿತೆಗೆ ತರುವಾಯ ಸ್ವರ ಹಾಕಿದವರು ಜಾರ್ಜ್ ಬ್ರಾಸೆನ್ಸ್. ‘ಮೊದಲ ಭೇಟಿ’ಯನ್ನು ಹಾಡಿದ ಕಂಠ ಅರುವತ್ತು ವರ್ಷಗಳ ಮೇಲೆ, ನಡುಗುತ್ತ, ಅದೇ ಕಾಲದ ಇನ್ನೊಂದು ಹಾಡನ್ನು ಹಾಡಿತು.

ಕಡೆಯದಾಗಿ, ಮರ್ಜಾನ್ ಸತ್ರಾಪಿ ಮತ್ತು ವಿನ್ಸಾಂ ಪರೊನೋ ಅವರ ‘ಪರ್ಸೆಪೊಲಿಸ್’ (೨೦೦೭). ಕಪ್ಪುಬಿಳುಪು ರೇಖೆಗಳ ಈ ಚಿತ್ರದಲ್ಲಿ ಇರಾನಿನ ಅಜ್ಜಿಯೊಬ್ಬಳಿಗೆ ದಾರ್ಯೂ ಅವರು ಧ್ವನಿ ಕೊಟ್ಟಿದ್ದಾರೆ. ಆಗ ಅವರಿಗೆ ತೊಂಬತ್ತು ವರ್ಷ. ಮುಖವಿಲ್ಲ, ಉಡುಪಿಲ್ಲ, ನಡೆಯಿಲ್ಲ, ಉಳಿದಿರುವುದು ವಾಚಿಕವೊಂದೇ. ಒಂದು ದೃಶ್ಯದಲ್ಲಿ ಮೊಮ್ಮಗಳು ಕಾವಲುಪಡೆಯ ಕಣ್ಣಿನಿಂದ ತಪ್ಪಿಸಿಕೊಳ್ಳಲು ದಾರಿಯಲ್ಲಿದ್ದ ನಿರಪರಾಧಿಯೊಬ್ಬನ ಮೇಲೆ ಸುಳ್ಳು ದೂರು ಹೊರಿಸಿ, ಆ ಸಂಗತಿಯನ್ನು ನಗುತ್ತ ಅಜ್ಜಿಗೆ ಹೇಳುತ್ತಾಳೆ. ಅಜ್ಜಿ ನಗುವುದಿಲ್ಲ, ಸಿಡಿದೇಳುತ್ತಾಳೆ. ಬೇರೆ ದಾರಿಯಿರಲಿಲ್ಲ ಎಂಬ ಸಮಾಧಾನವನ್ನು ಅವಳು ಒಪ್ಪುವುದಿಲ್ಲ. ದಾರಿ ಎಲ್ಲರಿಗೂ ಯಾವಾಗಲೂ ಇರುತ್ತದೆ ಎಂಬುದು ಅವಳ ನಿಲುವು. ಭಯ ಮನುಷ್ಯನ ಅಂತಃಸಾಕ್ಷಿಯನ್ನು ಹೇಗೆ ತಿನ್ನುತ್ತದೆ ಎಂಬುದನ್ನು ಬಲ್ಲ ಧ್ವನಿಯದು. ಆ ಮಾತನ್ನು ಹೇಳುವ ಅಧಿಕಾರ ೧೯೪೨ರ ಪ್ರಯಾಣಿಕೆಗೆ ಇದೆಯೆ ಎಂದು ಕೇಳುವವರು ಕೇಳಬಹುದು. ಭಯವನ್ನು ಅರಿಯದವರು ಹೇಳಿದ್ದರೆ ಆ ಮಾತು ನೀತಿಬೋಧೆಯಾಗುತ್ತಿತ್ತು ಎಂಬುದೇ ನಮ್ಮ ಉತ್ತರ.

ಈ ವಿಮರ್ಶೆಯಿಂದ ಒಂದು ತೀರ್ಪು ಹೊರಡಬೇಕೆಂದು ನಮ್ಮ ವಿದ್ಯಾರ್ಥಿಗಳು ನಿರೀಕ್ಷಿಸಬಹುದು. ಬರ್ಲಿನ್ನಿನ ಪ್ರಯಾಣ ತಪ್ಪು, ‘ಮಾದಾಂ ದ...’ ಆ ತಪ್ಪನ್ನು ಅಳಿಸುವುದಿಲ್ಲ. ‘ಮಾದಾಂ ದ...’ ಶ್ರೇಷ್ಠ ಕೃತಿ. ಬರ್ಲಿನ್ನಿನ ಪ್ರಯಾಣ ಆ ಶ್ರೇಷ್ಠತೆಯನ್ನು ಕುಗ್ಗಿಸುವುದಿಲ್ಲ. ಎರಡು ವಾಕ್ಯಗಳ ನಡುವೆ ‘ಆದರೆ’ ಎಂಬ ಮಾತನ್ನು ಸೇರಿಸದೆ ಎರಡನ್ನೂ ಒಟ್ಟಿಗೆ ಹೇಳಲು ಕಲಿಯುವುದೇ ಇಂಥ ಬದುಕುಗಳನ್ನು ಓದುವ ಕ್ರಮ. ದಾರ್ಯೂ ಅವರ ನೂರು ವರ್ಷಗಳಲ್ಲಿ ನಾವು ಮೆಚ್ಚಬೇಕಾದುದು ಮಾಸದ ಚೆಲುವನ್ನಲ್ಲ. ಆ ಚೆಲುವಿಗೆ ಯಾರು ಏನು ತೆತ್ತರು ಎಂಬ ಪ್ರಶ್ನೆ ತಮ್ಮ ಮುಖದ ಮೇಲೆ, ಮುಖ ಮರೆಯಾದ ಮೇಲೆ ತಮ್ಮ ಧ್ವನಿಯಲ್ಲಿ, ಕಡೆಯವರೆಗೂ ನಿಲ್ಲಲು ಅವರು ಎಡೆಗೊಟ್ಟರು. ಮೆಚ್ಚಬೇಕಾದುದು ಅದನ್ನು.